ಮಯನ ಸಂಧಿ

ಕಳೆದ ವರ್ಷ ಸಭಾಪರ್ವದ ಪಾಠವು ನಡೆಯುತ್ತಿದ್ದಾಗ ವಿದ್ಯಾರ್ಥಿಯೊಬ್ಬನು ಎದ್ದು ನಿಂತು, “ಗುರುಗಳೇ, ಮಯನು ಧರ್ಮರಾಯನ ಸಭೆಯನ್ನು ಹೊಸದಾಗಿ ಕಟ್ಟಿದನೋ, ಹಳೆಯದೊಂದನ್ನು ತಂದು ಜೋಡಿಸಿದನೋ?” ಎಂದು ಕೇಳಿದನು. ಗಂಟೆ ಹೊಡೆಯುವ ಹೊತ್ತಾಗಿದ್ದಿತು. “ಎರಡೂ ಹೌದಪ್ಪಾ” ಎಂದು ಹೇಳಿ ನಾನು ಪುಸ್ತಕವನ್ನು ಮುಚ್ಚಿದೆನು. ಅಧ್ಯಾಪಕನು ಅವಸರದಲ್ಲಿ ಕೊಡುವ ಉತ್ತರಗಳು ಬಹುಮಟ್ಟಿಗೆ ಕೇಳಿದವನನ್ನು ಕೂರಿಸುವುದಕ್ಕಾಗಿಯೇ ಇರುತ್ತವೆ. ಅಂದು ರಾತ್ರಿ ಮೂಲವನ್ನು ತೆರೆದು ನೋಡಿದಾಗ, ಆ ಹುಡುಗನ ಪ್ರಶ್ನೆಯ ಒಳಗೆ ಒಂದು ಧರ್ಮಸೂಕ್ಷ್ಮವು ಅಡಗಿದೆಯೆಂಬುದು ಮನಸ್ಸಿಗೆ ಹೊಳೆಯಿತು. ಒಂದು ಕಾಲದ ಕಟ್ಟಡವನ್ನು ಇನ್ನೊಂದು ಕಾಲದ ಕಟ್ಟಡಕ್ಕೆ, ಒಂದು ಲೋಕದ ವಸ್ತುವನ್ನು ಇನ್ನೊಂದು ಲೋಕದ ನೆಲಕ್ಕೆ ಬೆಸೆಯುವ ಶಿಲ್ಪಿಯು ಆ ಬೆಸುಗೆಯನ್ನು ಮರೆಮಾಡಬಹುದೇ? ಮರೆಮಾಡಿದರೆ ಅದನ್ನು ಕೌಶಲವೆನ್ನಬೇಕೋ, ವಂಚನೆಯೆನ್ನಬೇಕೋ? ಈ ವಿಚಾರವನ್ನು ವಾಚಕರ ಮುಂದಿಡಬೇಕೆಂದು ತೋರಿದ್ದರಿಂದ ಈ ಲೇಖನವನ್ನು ಬರೆಯುತ್ತಿದ್ದೇನೆ.

ಕಥೆಯು ಎಲ್ಲರಿಗೂ ತಿಳಿದದ್ದೇ. ಆದರೂ ಪುರಾಣ ಹೇಳುವವರು ಕೆಲವು ವಿವರಗಳನ್ನು ಬಿಟ್ಟು ಮುಂದೆ ಹೋಗುವ ವಾಡಿಕೆಯಿರುವುದರಿಂದ ಅವನ್ನಿಷ್ಟು ನೆನೆಯಬೇಕಾಗಿದೆ. ಖಾಂಡವವನವು ಉರಿಯುತ್ತಿದ್ದಾಗ ದಾನವಶಿಲ್ಪಿಯಾದ ಮಯನು ಅರ್ಜುನನಿಗೆ ಶರಣುಬಂದು ಪ್ರಾಣವನ್ನುಳಿಸಿಕೊಂಡನು. ಪ್ರತ್ಯುಪಕಾರವನ್ನು ಮಾಡುವೆನೆಂದು ಮುಂದೆ ಬಂದಾಗ ಅರ್ಜುನನು, ಪ್ರಾಣವನ್ನು ಕಾಪಾಡಿದ್ದಕ್ಕೆ ಕೂಲಿಯನ್ನು ತೆಗೆದುಕೊಳ್ಳಲಾರೆ, ಮಾಡಲೇಬೇಕೆಂದಿದ್ದರೆ ಕೃಷ್ಣನಿಗೆ ಏನಾದರೂ ಮಾಡು ಎಂದನು. ಕೃಷ್ಣನು ಕೆಲಹೊತ್ತು ಯೋಚಿಸಿ, ಧರ್ಮರಾಯನಿಗೊಂದು ಸಭೆಯನ್ನು ಕಟ್ಟು ಎಂದು ಅಪ್ಪಣೆಯಿತ್ತನು. ಎಂಥ ಸಭೆ? ಮನುಷ್ಯರಾರೂ ಅನುಕರಿಸಲಾಗದಂಥದು, ದೇವತೆಗಳ, ಅಸುರರ, ಮನುಷ್ಯರ ಕಲ್ಪನೆಗಳು ಮೂರೂ ಒಂದೆಡೆ ಸೇರಿ ಕಾಣಿಸುವಂಥದು. ಈ ಮಾತನ್ನು ಗಮನಿಸಬೇಕು. ಮೂರು ಲೋಕಗಳ ಮನೋಧರ್ಮವು ಒಂದೇ ಸೂರಿನ ಕೆಳಗೆ ಕೂಡಬೇಕೆಂಬುದು ಕಟ್ಟಿಸುವವನ ಬಯಕೆಯೇ ಆಗಿದ್ದಿತು. ಮಯನು ತಾನಾಗಿ ಹೂಡಿದ ಆಟವಲ್ಲ.

ಮಯನು ಹತ್ತು ಸಾವಿರ ಮೊಳದ ನೆಲವನ್ನು ಅಳೆದು ಗುರುತುಮಾಡಿದನು. ಆಮೇಲೆ ಕೆಲಸವನ್ನು ಅಲ್ಲಿಯೇ ಬಿಟ್ಟು ಉತ್ತರದಿಕ್ಕಿಗೆ ಹೊರಟನು. ಕೈಲಾಸವನ್ನು ದಾಟಿ, ಮೈನಾಕದ ಹತ್ತಿರ, ಬಿಂದುಸರೋವರದ ತೀರದಲ್ಲಿ, ಹಿಂದೆ ದಾನವರ ಯಜ್ಞವು ನಡೆದಿದ್ದ ಎಡೆಯಲ್ಲಿ ವೃಷಪರ್ವನೆಂಬ ದಾನವರಾಜನ ಸಭೆಗಾಗಿ ತಾನೇ ಸಿದ್ಧಪಡಿಸಿದ್ದ ರತ್ನಮಯವಾದ ಸಾಮಗ್ರಿಯು ಉಳಿದಿದ್ದಿತು. ಅದನ್ನು ಹೊತ್ತು ತಂದನು. ಬರುವಾಗ ಭೀಮನಿಗೊಂದು ಗದೆಯನ್ನೂ ಅರ್ಜುನನಿಗೆ ದೇವದತ್ತವೆಂಬ ಶಂಖವನ್ನೂ ತಂದನು. ಹದಿನಾಲ್ಕು ತಿಂಗಳುಗಳಲ್ಲಿ ಸಭೆಯು ಮುಗಿಯಿತು. ಎಂಟು ಸಾವಿರ ಕಿಂಕರರು ಅದನ್ನು ಕಾಯುತ್ತಿದ್ದರು. ಹೀಗೆ ಗತಿಸಿದ ಯುಗದ ಕಟ್ಟಡವೊಂದು ಹೊಸ ಯುಗದ ಕಟ್ಟಡದ ಮೈಯಲ್ಲಿ ಸೇರಿಹೋಯಿತು. ಹುಡುಗನಿಗೆ ನಾನು ಕೊಟ್ಟ ಉತ್ತರವು ಅಕ್ಷರಶಃ ಸರಿಯಾಗಿಯೇ ಇದ್ದಿತು. ಆದರೆ ಅದನ್ನು ಅರಿತು ಕೊಟ್ಟಿರಲಿಲ್ಲ.

ವೃಷಪರ್ವನು ಯಾರು? ಶರ್ಮಿಷ್ಠೆಯ ತಂದೆ. ಶರ್ಮಿಷ್ಠೆಯು ಯಯಾತಿಯಿಂದ ಪಡೆದ ಕಿರಿಯ ಮಗನೇ ಪೂರು. ಪೂರುವಿನ ವಂಶದಲ್ಲಿ ಕುರುಗಳೂ ಪಾಂಡವರೂ ಹುಟ್ಟಿದರು. ಅಂದಮೇಲೆ ಮಯನು ಎಲ್ಲಿಂದಲೋ ಪರಕೀಯವಾದ ಕಲ್ಲುಗಳನ್ನು ತಂದನೆನ್ನುವುದಕ್ಕಿಲ್ಲ. ತಾಯಿಯ ಕಡೆಯ ಮೂಲಪುರುಷನ ಮನೆಯ ಕಲ್ಲುಗಳನ್ನೇ ಮರಿಮಕ್ಕಳ ಮನೆಗೆ ತಂದಿರಿಸಿದನು. ಅವು ಎಷ್ಟರಮಟ್ಟಿಗೆ ಧರ್ಮರಾಯನ ಪಿತ್ರಾರ್ಜಿತವೋ ಅಷ್ಟೇ ಮಟ್ಟಿಗೆ ದುರ್ಯೋಧನನದೂ ಹೌದು. ಈ ಸಂಬಂಧವನ್ನು ಮೂಲವು ಬಾಯಿಬಿಟ್ಟು ಹೇಳುವುದಿಲ್ಲ. ಆದರೆ ಆದಿಪರ್ವದ ಯಯಾತ್ಯುಪಾಖ್ಯಾನವನ್ನೂ ಸಭಾಪರ್ವದ ಈ ಭಾಗವನ್ನೂ ಎದುರುಬದುರು ಇಟ್ಟು ಓದಿದವನಿಗೆ ತಪ್ಪದೆ ಕಾಣುತ್ತದೆ. ದುರ್ಯೋಧನನು ಜಾರಿಬಿದ್ದದ್ದು ಭಾಗಶಃ ತನ್ನದೇ ಆದ ಮನೆಯಲ್ಲಿ. ಹಳೆಯದನ್ನು ಹೊಸದಕ್ಕೆ ಕೂಡಿಸುವಾಗ, ಆ ಹಳೆಯದಕ್ಕೆ ಹಕ್ಕುಳ್ಳವರು ಇನ್ನಾರಿದ್ದಾರೆ ಎಂಬ ಪ್ರಶ್ನೆಯನ್ನು ಕೃಷ್ಣನೂ ಕೇಳಲಿಲ್ಲ, ಮಯನೂ ಕೇಳಲಿಲ್ಲ.

ಇಲ್ಲಿ ಒಂದು ಶಂಕೆ ಏಳಬಹುದು. ಮಯನ ಶಿಲ್ಪವು ಕವಿಕಲ್ಪಿತವಾದುದು. ಬಿಂದುಸರೋವರದಿಂದ ಕಟ್ಟಡವನ್ನು ಹೊತ್ತು ತರುವ ವಿದ್ಯೆಯು ಭೂಮಿಯ ಮೇಲೆ ಇಲ್ಲ. ಇಲ್ಲದ ಶಿಲ್ಪದ ಗುಣದೋಷಗಳನ್ನು ವಿಚಾರಿಸುವುದು ಮೊಲದ ಕೊಂಬಿನ ಉದ್ದವನ್ನು ಅಳೆದಂತಲ್ಲವೇ? ಅಲ್ಲ. ಲೆಕ್ಕವನ್ನು ಕಲಿಸುವಾಗ ನಾವು ದಪ್ಪವೇ ಇಲ್ಲದ ಗೆರೆಯನ್ನು ಕಲ್ಪಿಸಿಕೊಳ್ಳುತ್ತೇವೆ. ಅಂಥ ಗೆರೆಯು ಲೋಕದಲ್ಲಿಲ್ಲವೆಂದು ಹೊಲದ ಅಳತೆಯು ಸುಳ್ಳಾಗುವುದಿಲ್ಲ. ಮನುಷ್ಯಶಿಲ್ಪಿಯ ಕೈಯಲ್ಲಿ ಸಂದು ಎಲ್ಲಿಯಾದರೂ ಕಂಡೇ ಕಾಣುತ್ತದೆ. ಕಲ್ಲಿನ ಬಣ್ಣ ಬೇರೆಯಾಗುತ್ತದೆ, ಗಾರೆಯು ಬಿರುಕುಬಿಡುತ್ತದೆ, ಉಳಿಯ ಗುರುತು ಹೊಂದುವುದಿಲ್ಲ. ಆದಕಾರಣ ಅವನು ಪ್ರಾಮಾಣಿಕನೋ ಅಥವಾ ಅಸಮರ್ಥನೋ ಎಂಬುದು ನಮಗೆ ತಿಳಿಯದೆ ಹೋಗುತ್ತದೆ. ಮಯನಲ್ಲಾದರೋ ಅಸಾಮರ್ಥ್ಯವೆಂಬುದಿಲ್ಲ. ಸಂದನ್ನು ತೋರಿಸುವುದೂ ಅಡಗಿಸುವುದೂ ಸಂಪೂರ್ಣವಾಗಿ ಅವನ ಇಚ್ಛೆಗೆ ಸೇರಿದ್ದು. ಆದುದರಿಂದ ಇಲ್ಲಿ ಪ್ರಶ್ನೆಯು ಕಲಬೆರಕೆಯಿಲ್ಲದೆ ಶುದ್ಧವಾಗಿ ದೊರೆಯುತ್ತದೆ.

ಅಡಗಿಸಿದ್ದರ ಫಲವೇನಾಯಿತು? ಸ್ಫಟಿಕದ ನೆಲವನ್ನು ನೀರೆಂದು ಬಗೆದು ದುರ್ಯೋಧನನು ಉಟ್ಟ ಬಟ್ಟೆಯನ್ನು ಮೇಲಕ್ಕೆತ್ತಿಕೊಂಡನು. ಮುಂದೆ ನಿಜವಾದ ಕೊಳವನ್ನು ನೆಲವೆಂದು ತಿಳಿದು ಕಾಲಿಟ್ಟು ಬಿದ್ದನು. ಬಾಗಿಲಿಲ್ಲದೆಡೆಯಲ್ಲಿ ಬಾಗಿಲೆಂದು ನುಗ್ಗಿ ಹಣೆಯನ್ನು ಬಡಿಸಿಕೊಂಡನು. ನೋಡಿದವರು ನಕ್ಕರು. ಅವನು ಹೊಟ್ಟೆಕಿಚ್ಚಿನಿಂದ ಬಂದವನು, ಹೊಟ್ಟೆಕಿಚ್ಚು ಕಣ್ಣನ್ನು ಕೆಡಿಸಿತು, ಬಿದ್ದನು ಎಂದು ವ್ಯಾಖ್ಯಾನಿಸುವುದು ರೂಢಿ. ನಾನೂ ಎಷ್ಟೋ ವರ್ಷ ಹಾಗೆಯೇ ಪಾಠ ಹೇಳಿದ್ದುಂಟು. ಆದರೆ ದುರ್ಯೋಧನನು ಅಲ್ಲಿಗೆ ಬರುವುದಕ್ಕೂ ಮುಂಚೆ, ಸಭೆಯ ವರ್ಣನೆಯಲ್ಲಿಯೇ ವ್ಯಾಸರು ಒಂದು ಮಾತನ್ನು ಸೇರಿಸಿದ್ದಾರೆ: ಮಣಿಗಳಿಂದ ತುಂಬಿದ ಆ ಕೊಳದ ಬಳಿಗೆ ಬಂದ ಕೆಲವು ಅರಸರು ಅದನ್ನು ಕಂಡರೂ ಕೊಳವೆಂದು ಅರಿಯದೆ ಒಳಗೆ ಬಿದ್ದರಂತೆ. ಅವರಿಗೆ ಯಾವ ಮತ್ಸರವಿದ್ದಿತು? ಅವರು ಆಮಂತ್ರಣದ ಮೇಲೆ ಬಂದ ಅತಿಥಿಗಳು. ಬಿದ್ದದ್ದು ಅಜ್ಞಾನದಿಂದಲೆಂದು ಮೂಲವೇ ಹೇಳುತ್ತದೆ. ಪಾಪದಿಂದ ಎಂದು ಹೇಳುವುದಿಲ್ಲ.

ಇದಕ್ಕಿಂತಲೂ ನನ್ನನ್ನು ಹೆಚ್ಚಾಗಿ ಕಾಡಿದ್ದು ಆ ನಗು. ಯಾರು ನಕ್ಕರು? ಆ ಮನೆಯಲ್ಲಿ ವಾಸಿಸುವವರು. ಯಾವುದು ನೆಲ, ಯಾವುದು ನೀರು ಎಂಬುದನ್ನು ಬಲ್ಲವರು. ಅವರೂ ಮೊದಲ ದಿನಗಳಲ್ಲಿ ಒಂದೆರಡು ಸಾರಿ ಎಡವಿರಬೇಕು. ಇಲ್ಲವೇ ಮಯನು ಅವರ ಕೈಹಿಡಿದು ತೋರಿಸಿರಬೇಕು. ಹೇಗೇ ಇರಲಿ, ಸಂದು ಎಲ್ಲಿದೆಯೆಂಬ ಅರಿವು ಅವರ ಸ್ವತ್ತಾಗಿದ್ದಿತು, ಆ ಸ್ವತ್ತನ್ನು ಬಂದವರೊಡನೆ ಅವರು ಹಂಚಿಕೊಳ್ಳಲಿಲ್ಲ. ಧರ್ಮರಾಯನು ಒಣಬಟ್ಟೆಯನ್ನು ಕೊಡಿಸಿದನೆಂಬುದು ನಿಜ. ಆದರೆ ಬಿದ್ದ ಮೇಲೆ ಬಟ್ಟೆಯನ್ನು ಕೊಡುವುದಕ್ಕೂ ಬೀಳುವ ಮುಂಚೆ “ಅಣ್ಣಾ, ಇಲ್ಲಿ ನೀರಿದೆ” ಎನ್ನುವುದಕ್ಕೂ ಇರುವ ಅಂತರವು ಸಣ್ಣದಲ್ಲ. ಎಂಟು ಸಾವಿರ ಕಿಂಕರರಲ್ಲಿ ಒಬ್ಬನನ್ನು ಆ ಕೊಳದ ಅಂಚಿನಲ್ಲಿ ನಿಲ್ಲಿಸಿದ್ದರೆ ಸಾಕಾಗುತ್ತಿದ್ದಿತು.

ಮುಂದಿನದು ಗೊತ್ತೇ ಇದೆ. ಹಸ್ತಿನಾವತಿಯಲ್ಲಿ ಸಾವಿರ ಕಂಬಗಳ, ನೂರು ಬಾಗಿಲುಗಳ ಮತ್ತೊಂದು ಸಭೆಯು ಅವಸರದಿಂದ ಎದ್ದಿತು. ಅದರಲ್ಲಿ ನೆಲವು ನೆಲವಾಗಿಯೇ ಇದ್ದಿತು, ಮೋಸವು ದಾಳದೊಳಗಿದ್ದಿತು.

ಈಗ ಪೂರ್ವಪಕ್ಷವನ್ನು ಅದರ ಪೂರ್ಣ ಬಲದೊಡನೆ ಎತ್ತಿಕೊಳ್ಳೋಣ. ಸಂದನ್ನು ಅಡಗಿಸುವುದೇ ತಪ್ಪಾದರೆ ಒಳ್ಳೆಯ ಬಡಗಿಯೊಬ್ಬನೂ ನಿರಪರಾಧಿಯಾಗಿ ಉಳಿಯಲಾರನು. ಎರಡು ಹಲಗೆಗಳು ಕೂಡಿದೆಡೆಯಲ್ಲಿ ಉಗುರೂ ಸಿಕ್ಕಬಾರದೆಂಬುದೇ ಅವನ ಹೆಮ್ಮೆ. ಮಯನ ಹೆಸರಿನಿಂದಲೇ ಪ್ರಸಿದ್ಧವಾಗಿರುವ ಮಯಮತವೆಂಬ ವಾಸ್ತುಗ್ರಂಥದಲ್ಲಿ ಮರದ ಜೋಡಣೆಗೆಂದು ಸಂಧಿಕರ್ಮದ ಅಧ್ಯಾಯವೊಂದು ಪ್ರತ್ಯೇಕವಾಗಿಯೇ ಇದೆ. ಕವಿಯೂ ಹಾಗೆಯೇ. ನಮ್ಮ ಮಾತೇ ಸಂಧಿಯಿಂದ ನಡೆಯುತ್ತದೆ. ಹದಿಮೂರನೆಯ ಶತಮಾನದ ಕೇಶಿರಾಜನು ಶಬ್ದಮಣಿದರ್ಪಣದಲ್ಲಿ ಸಂಧಿಗೊಂದು ಪ್ರಕರಣವನ್ನೇ ಮೀಸಲಿಟ್ಟನು. ಊರು, ಅಲ್ಲಿ ಎಂಬೆರಡು ಸೇರಿ ಊರಲ್ಲಿ ಎಂದಾಗ ಉಕಾರವು ಲೋಪವಾಯಿತು. ಮರ, ಅನ್ನು ಎಂಬೆರಡು ಮರವನ್ನು ಎಂದಾಗುವಲ್ಲಿ ಎಡಗಡೆಯಲ್ಲೂ ಇಲ್ಲದ, ಬಲಗಡೆಯಲ್ಲೂ ಇಲ್ಲದ ವಕಾರವೊಂದು ನಡುವೆ ಬಂದು ನಿಂತಿತು. ಮಳೆಗೆ ಕಾಲವು ಸೇರಿ ಮಳೆಗಾಲವಾದಾಗ ಕಕಾರದ ಎಡೆಯಲ್ಲಿ ಗಕಾರವು ಕುಳಿತಿತು. ಕಿವಿಗೆ ಎಲ್ಲಿಯೂ ಸಂದು ತಿಳಿಯುವುದಿಲ್ಲ. ಇದನ್ನು ವಂಚನೆಯೆಂದು ಯಾರಾದರೂ ಹೇಳುವರೇ?

ಹೇಳುವುದಿಲ್ಲ, ಏಕೆಂದರೆ ಸಂಧಿಯನ್ನು ಬಿಡಿಸಲು ಬರುತ್ತದೆ. ಐದನೆಯ ಇಯತ್ತೆಯ ಹುಡುಗನಿಗೆ “ಬಿಡಿಸಿ ಬರೆ” ಎಂದರೆ ಬರೆಯುತ್ತಾನೆ. ಸೂತ್ರವು ಬಹಿರಂಗವಾದುದು, ಕಲಿತವನಿಗೆಲ್ಲ ಅದು ಒಂದೇ. ಸಂದು ಕಣ್ಣಿಗೋ ಕಿವಿಗೋ ಅಡಗಿರಬಹುದು, ಬುದ್ಧಿಗೆ ಅಡಗಿರುವುದಿಲ್ಲ. ಬಡಗಿಯ ಸಂದೂ ಇಂಥದೇ. ಮೇಜಿನ ಮೇಲೆ ಬರೆಯುವವನ ಕೈಗೆ ಅದು ತಿಳಿಯದಿದ್ದರೆ ಅವನಿಗೇನೂ ಕೇಡಿಲ್ಲ. ದುರಸ್ತಿ ಮಾಡುವವನಿಗೆ ಹುಡುಕಿದರೆ ಸಿಕ್ಕುತ್ತದೆ. ಮಯನ ಸಭೆಯಲ್ಲಾದರೋ ನಡೆಯುವವನ ಕಾಲು ಯಾವುದರ ಮೇಲೆ ನಂಬಿಕೆಯಿಡಬೇಕಾಗಿತ್ತೋ ಅದೇ ಅಡಗಿದ್ದಿತು, ಅದನ್ನು ಬಿಡಿಸುವ ಸೂತ್ರವೂ ಅವನ ಕೈಗೆ ದೊರೆತಿರಲಿಲ್ಲ. ಕೌಶಲಕ್ಕೂ ವಂಚನೆಗೂ ನಡುವಣ ಗಡಿಯನ್ನು ನಾನು ಇಲ್ಲಿ ಎಳೆಯುತ್ತೇನೆ. ಸಂದು ಕಾಣದಿರುವುದು ದೋಷವಲ್ಲ; ಅದರ ಮೇಲೆ ಭಾರ ಹಾಕುವವನಿಗೆ ಬಿಡಿಸಲು ಬಾರದಿರುವುದು ದೋಷ.

ಈ ಗಡಿಯನ್ನು ನನಗೆ ಮೊದಲು ತೋರಿಸಿದವನು ಯಾವ ಶಾಸ್ತ್ರಕಾರನೂ ಅಲ್ಲ. ನಮ್ಮ ಹಳೆಯ ಮನೆಯ ಪಡಸಾಲೆಯ ಕಂಬವೊಂದರ ಬುಡವನ್ನು ಗೆದ್ದಲು ತಿಂದಿದ್ದಿತು. ವಯಸ್ಸಾದ ಬಡಗಿಯೊಬ್ಬನು ಬಂದು, ತೊಲೆಗೆ ಕೆಳಗಿನಿಂದ ಆನಿಕೆಯನ್ನು ಕೊಟ್ಟು, ಕೆಟ್ಟಿದ್ದ ಎರಡು ಮೊಳದಷ್ಟನ್ನು ಕೊಯ್ದು ತೆಗೆದು, ಓರೆಯಾಗಿ ಕಚ್ಚನ್ನು ಕೊರೆದು ಹೊಸ ಸಾಗುವಾನಿಯನ್ನು ಕೂಡಿಸಿದನು. ಹಳೆಯ ಮರವು ಹೊಗೆ ಹಿಡಿದು ಕಪ್ಪಾಗಿದ್ದಿತು. ಹೊಸದು ಹಳದಿಯಾಗಿ ಎದ್ದು ಕಾಣುತ್ತಿದ್ದಿತು. ಎರಡಕ್ಕೂ ಸೇರಿಸಿ ಬಣ್ಣ ಬಳಿದುಬಿಡು ಎಂದು ನಾನು ಹೇಳಿದೆನು. ಅವನು ತಲೆಯಾಡಿಸಿ, “ಬಣ್ಣಾ ಬಳದ್ರ ಚೆಂದ ಕಾಣಸ್ತದ್ರಿ ಮಾಸ್ತರ. ನಾಳೆ ನನ್ನಂಥಾವ ಒಬ್ಬ ಬಂದ್ರ ಹೊಸಾ ಕಟಗಿ ಎಲ್ಲಿಗೆ ಮುಗದದ ಅಂತ ಅವಗ ಹೆಂಗ ತಿಳೀಬೇಕು? ತಿಳೀದs ಅಲ್ಲೇ ಮಳಿ ಹೊಡದ್ರ?” ಎಂದನು. ಅವನು ಯಾವ ಕಾಲದವನನ್ನು ಕುರಿತು ಮಾತನಾಡುತ್ತಿದ್ದನೆಂಬುದನ್ನು ನೋಡಿರಿ. ಇನ್ನೂ ಹುಟ್ಟಿರದ ಬಡಗಿಯೊಬ್ಬನು ಅವನ ಮನಸ್ಸಿನಲ್ಲಿ ಆ ಕಂಬದ ಮುಂದೆ ಆಗಲೇ ಕುಳಿತಿದ್ದನು. ಕಾಲಗಳನ್ನು ಕೂಡಿಸುವ ಶಿಲ್ಪವೆಂದರೆ ಹಿಂದಿನದನ್ನು ಇಂದಿಗೆ ತರುವುದಷ್ಟೇ ಎಂದು ನಾವು ತಿಳಿಯುತ್ತೇವೆ. ಮುಂದೆ ಬರುವವನೂ ಆ ಸಂದಿಗೆ ಬಾಧ್ಯಸ್ಥನು. 1964ರಲ್ಲಿ ಇಟಲಿಯ ವೆನಿಸ್ ನಗರದಲ್ಲಿ ಕೂಡಿದ ಶಿಲ್ಪಜ್ಞರು ಪ್ರಾಚೀನ ಕಟ್ಟಡಗಳ ದುರಸ್ತಿಯನ್ನು ಕುರಿತು ಒಂದು ಸನ್ನದನ್ನು ಬರೆದರು. ಬಿದ್ದುಹೋದ ಭಾಗದ ಸ್ಥಾನದಲ್ಲಿಡುವ ಹೊಸ ಭಾಗವು ಒಟ್ಟಿನೊಡನೆ ಹೊಂದಿಕೊಂಡಿರಬೇಕು, ಆದರೂ ಮೂಲದಿಂದ ಬೇರೆಯೆಂದು ಗುರುತಿಸಲು ಬರುವಂತಿರಬೇಕು ಎಂಬುದು ಅದರ ಒಂದು ವಿಧಿ. ಹಳೆಯ ಗುಡಿಗಳಲ್ಲಿ ಕೆತ್ತನೆಯ ಕಂಬಗಳ ಸಾಲಿನ ನಡುವೆ ಬೋಳಾದ ಕಂಬವೊಂದು ನಿಂತಿರುವುದನ್ನು ಕಂಡು ಯಾತ್ರಿಕರು ಮೂಗು ಮುರಿಯುತ್ತಾರೆ. ನನಗೆ ಅಂಥ ಕಂಬವನ್ನು ಕಂಡಾಗಲೆಲ್ಲ ಆ ಮುದುಕನ ನೆನಪಾಗುತ್ತದೆ.

ಕೆಲವೆಡೆ ಬರೆಹವೇ ಸಂದನ್ನು ತೋರಿಸುತ್ತದೆ. ಹಂಪೆಯ ವಿರೂಪಾಕ್ಷನ ಗುಡಿಯಲ್ಲಿ ಹಳೆಯ ಗರ್ಭಗೃಹದ ಮುಂದೆ ಕೃಷ್ಣದೇವರಾಯನು ತನ್ನ ಪಟ್ಟಾಭಿಷೇಕದ ನೆನಪಿಗೆ ರಂಗಮಂಟಪವನ್ನು ಕಟ್ಟಿಸಿದನು; 1510ರ ಶಾಸನವು ಅದನ್ನು ಹೇಳುತ್ತದೆ. ಅರಸನಿಗೆ ಕೀರ್ತಿಯ ಆಸೆಯಿದ್ದಿತೆನ್ನಿ, ಬಾಧಕವಿಲ್ಲ. ತಾನು ಎಲ್ಲಿಂದ ಆರಂಭಿಸಿದೆನೆಂದು ಕಲ್ಲಿನಲ್ಲಿ ಬರೆಸಿದವನು, ತನಗಿಂತ ಮುಂಚಿನ ಭಾಗವು ತನ್ನದಲ್ಲವೆಂಬುದನ್ನೂ ಒಪ್ಪಿಕೊಂಡಂತಾಯಿತು.

ಕೃಷ್ಣಾನದಿಯ ತೀರದಲ್ಲಿ ಇದಕ್ಕಿಂತಲೂ ಬಿಕ್ಕಟ್ಟಾದ ಪ್ರಸಂಗವು ನಮ್ಮ ಕಾಲದಲ್ಲಿಯೇ ನಡೆದಿದೆ. ಆ ನದಿಗೆ ಎರಡು ಸಂಗಮೇಶ್ವರರಿದ್ದಾರೆ. ಒಂದು ನಮ್ಮೆಲ್ಲರಿಗೂ ಪೂಜ್ಯವಾದ, ಮಲಪ್ರಭೆಯು ಕೃಷ್ಣೆಯನ್ನು ಕೂಡುವ ಕೂಡಲಸಂಗಮ. ಇನ್ನೊಂದು ಕೆಳಗೆ ತೆಲುಗುನಾಡಿನಲ್ಲಿ, ತುಂಗಭದ್ರೆಯು ಕೃಷ್ಣೆಯನ್ನು ಕೂಡುವಲ್ಲಿದ್ದ ಕೂಡವೆಲ್ಲಿಯ ಸಂಗಮೇಶ್ವರ. ಬಾದಾಮಿ ಚಲುಕ್ಯರ ಕಾಲದ ಗುಡಿ. ಎರಡಕ್ಕೂ ಒಂದೇ ಬಗೆಯ ಕಂಟಕವು ಬಂದಿತು. ನಾರಾಯಣಪುರದ ಅಣೆಕಟ್ಟಿನ ಹಿನ್ನೀರು ಮೇಲಿನದಕ್ಕೆ, ಶ್ರೀಶೈಲದ ಅಣೆಕಟ್ಟಿನ ಹಿನ್ನೀರು ಕೆಳಗಿನದಕ್ಕೆ. ಪರಿಹಾರಗಳು ಮಾತ್ರ ಬೇರೆಬೇರೆಯಾದವು. ಕೂಡವೆಲ್ಲಿಯ ಗುಡಿಯನ್ನು ಕಲ್ಲು ಕಲ್ಲಾಗಿ ಬಿಚ್ಚಿ, ಆಲಂಪುರಕ್ಕೆ ಸಾಗಿಸಿ, ಮತ್ತೆ ಮೊದಲಿನಂತೆಯೇ ಜೋಡಿಸಿದರು. ಕೂಡಲಸಂಗಮದಲ್ಲಿ ಬಸವಣ್ಣನವರ ಐಕ್ಯಸ್ಥಳವೆಂದು ಪರಂಪರೆಯು ನಂಬಿಕೊಂಡು ಬಂದಿರುವ ಎಡೆಯನ್ನು ಕದಲಿಸಲಿಲ್ಲ; ಅದರ ಸುತ್ತ ಬಾವಿಯಂಥ ದುಂಡನೆಯ ಗೋಡೆಯನ್ನೆಬ್ಬಿಸಿ ನೀರನ್ನು ಹೊರಗೆ ನಿಲ್ಲಿಸಿದರು. ಈಗ ಅಲ್ಲಿಗೆ ಹೋಗುವವನು ಮೆಟ್ಟಿಲುಗಳನ್ನು ಇಳಿದು, ಹೊಳೆಯ ಮಟ್ಟಕ್ಕಿಂತ ಕೆಳಗಿರುವ ಹಿಂದಿನ ಕಾಲದ ನೆಲವನ್ನು ಮುಟ್ಟುತ್ತಾನೆ.

ಇವೆರಡರಲ್ಲಿ ಯಾವುದು ಅದೇ ಆಗಿ ಉಳಿದಿದೆ? ಆಲಂಪುರದಲ್ಲಿರುವುದು ಅದೇ ಕಲ್ಲು, ಅದೇ ಕೆತ್ತನೆ. ಆದರೆ ಸಂಗಮವೆಂಬುದು ಹೆಸರಿನಲ್ಲಿ ಮಾತ್ರ. ನದಿಗಳು ಕೂಡುವ ಎಡೆಯಿಂದಾಗಿ ಸಂಗಮೇಶ್ವರನೆನಿಸಿಕೊಂಡವನು ಆ ಕೂಡಲನ್ನು ಬಿಟ್ಟು ಬಂದಿದ್ದಾನೆ. ಕೂಡಲಸಂಗಮದಲ್ಲಿ ಎಡೆಯು ಉಳಿಯಿತು. ಸುತ್ತಲಿನ ಲೋಕವು ಬದಲಾಯಿತು. ಒಂದರಲ್ಲಿ ಕಟ್ಟಡವನ್ನು ಬೇರೊಂದು ನೆಲಕ್ಕೆ ಹೊಲಿದರು, ಇನ್ನೊಂದರಲ್ಲಿ ನೆಲವನ್ನು ಬೇರೊಂದು ಕಾಲಕ್ಕೆ ಹೊಲಿದರು. ಕೂಡವೆಲ್ಲಿಯವರು ತಪ್ಪು ಮಾಡಿದರೆಂದು ನಾನು ಹೇಳಲಾರೆ. ನೀರಿನ ಕೆಳಗೆ ಹೂಳಿನಲ್ಲಿ ಹುಗಿದು ಹೋಗುವುದಕ್ಕಿಂತ ಆಲಂಪುರದ ಬಿಸಿಲು ಲೇಸು. ಆ ಗುಡಿಯು ಬೇರೆಡೆಯಿಂದ ಬಂದುದೆಂಬುದನ್ನು ಯಾರೂ ಮುಚ್ಚಿಡಲೂ ಇಲ್ಲ. ಅಲ್ಲಿಗೆ ಹೋದವರಿಗೆ ಅದು ತಿಳಿಯುತ್ತದೆ. ಮುಚ್ಚಿಟ್ಟಿದ್ದರೆ, ಇನ್ನೂರು ವರ್ಷಗಳ ಮೇಲೆ ಬರುವ ಭಕ್ತನೊಬ್ಬನು ಇಲ್ಲಿ ಯಾವ ಎರಡು ಹೊಳೆಗಳು ಕೂಡಿದ್ದುವೆಂದು ಬಯಲಿನಲ್ಲಿ ಹುಡುಕಾಡಬೇಕಾಗುತ್ತಿದ್ದಿತು.

ಕಟ್ಟಡದ ಕಲ್ಲನ್ನೂ ನೆಚ್ಚದೆ ಎಡೆಯನ್ನೂ ನೆಚ್ಚದೆ ಕಾಲಗಳನ್ನು ಬೆಸೆದವರುಂಟು. ಜಪಾನ್ ದೇಶದ ಇಸೆ ಎಂಬಲ್ಲಿಯ ದೇಗುಲವನ್ನು ಇಪ್ಪತ್ತು ವರ್ಷಗಳಿಗೊಮ್ಮೆ ಪಕ್ಕದ ನಿವೇಶನದಲ್ಲಿ ಹೊಸ ಮರದಿಂದ ಮತ್ತೆ ಕಟ್ಟುತ್ತಾರೆ. 2013ರಲ್ಲಿ ನಡೆದುದು ಅರುವತ್ತೆರಡನೆಯ ಸಾರಿಯದು. ಅಲ್ಲಿ ಮುಂದುವರಿಯುವುದು ಬಡಗಿಗಳ ಕೈಯ ವಿದ್ಯೆ. ನಮ್ಮ ಆಗಮಗಳಲ್ಲಿ ಹೇಳಿರುವ ಜೀರ್ಣೋದ್ಧಾರದ ಕ್ರಮವು ಇನ್ನೂ ಕುತೂಹಲಕರವಾಗಿದೆ. ಗುಡಿಯನ್ನು ಬಿಚ್ಚುವುದಕ್ಕೆ ಮುಂಚೆ ಕಲಾಕರ್ಷಣವೆಂಬ ವಿಧಿಯಿಂದ ದೇವತಾಸಾನ್ನಿಧ್ಯವನ್ನು ತುಂಬಿದ ಕುಂಭಕ್ಕೆ ಬರಮಾಡಿಕೊಳ್ಳುತ್ತಾರೆ. ಕೆಲಸವು ಮುಗಿಯುವವರೆಗೆ ಬಾಲಾಲಯವೆಂಬ ಚಿಕ್ಕ ಗುಡಿಯಲ್ಲಿ ಪೂಜೆ ನಡೆಯುತ್ತದೆ. ಕೆಲಸ ಮುಗಿದ ಮೇಲೆ ಕುಂಭದಿಂದ ಮತ್ತೆ ಮೂಲಸ್ಥಾನಕ್ಕೆ. ಹಳೆಯ ಗುಡಿಗೂ ಸೇರದ, ಹೊಸ ಗುಡಿಗೂ ಸೇರದ ಒಂದು ಮಣ್ಣಿನ ಅಥವಾ ತಾಮ್ರದ ಕೊಡವು ನಡುವೆ ನಿಂತು ಎರಡನ್ನೂ ಹಿಡಿದಿರುತ್ತದೆ. ಮರವನ್ನು ಎಂಬಲ್ಲಿ ನಡುವೆ ಬಂದ ವಕಾರದಂತೆ. ವೈಯಾಕರಣರು ಅದನ್ನೂ ಆಗಮವೆಂದೇ ಕರೆದಿರುವುದು ಕೇವಲ ಶಬ್ದಸಾಮ್ಯವಿರಬಹುದು. ನನಗೆ ಮಾತ್ರ ಅದು ಹಿಡಿಸುತ್ತದೆ. ಈ ಇಡೀ ಕ್ರಮವು ಊರವರ ಕಣ್ಣೆದುರಿನಲ್ಲಿಯೇ ನಡೆಯುತ್ತದೆಂಬುದನ್ನೂ ಮರೆಯಬಾರದು. ದೇವರು ಈಗ ಎಲ್ಲಿದ್ದಾನೆಂದು ಆರು ವರ್ಷದ ಮಗುವನ್ನು ಕೇಳಿದರೂ ಬಾಲಾಲಯದ ಕಡೆಗೆ ಕೈತೋರಿಸುತ್ತದೆ.

ಈ ಪತ್ರಿಕೆಯ ವಾಚಕರಲ್ಲಿ ಕೆಲವರು ಈ ವೇಳೆಗೆ ಆಕ್ಷೇಪಿಸುತ್ತಿರಬಹುದು: ಬಸವಣ್ಣನವರು ದೇಹವನ್ನೇ ದೇಗುಲವೆಂದು ಭಾವಿಸಿ, ನಿಂತದ್ದಕ್ಕೂ ಚಲಿಸುವುದಕ್ಕೂ ಇರುವ ಭೇದವನ್ನು ಹೇಳಿಬಿಟ್ಟಿರುವಾಗ, ಕಲ್ಲು ಮರಗಳ ಸಂದಿನ ಬಗ್ಗೆ ಶರಣಮಾರ್ಗದವರಿಗೆ ಇಷ್ಟೇಕೆ ಚಿಂತೆ? ಆ ವಚನವು ಎಲ್ಲರಿಗೂ ಕಂಠಸ್ಥವಾಗಿರುವುದರಿಂದ ಇಲ್ಲಿ ಉದಾಹರಿಸುವುದಿಲ್ಲ. ಆದರೆ ಅದನ್ನು ಹೀಗೆ ಉಪಯೋಗಿಸುವುದು ನನಗೆ ಒಪ್ಪಿಗೆಯಿಲ್ಲ. ಅದು ಕಟ್ಟಿಸಿದವನ ಅಹಂಕಾರಕ್ಕೆ ಕೊಟ್ಟ ಪೆಟ್ಟು. ಕೆಡುವುದೇ ನಿಶ್ಚಯವಾದಮೇಲೆ ಹೇಗೆ ಕಟ್ಟಿದರೇನು ಎಂಬ ಉದಾಸೀನಕ್ಕೆ ಕೊಟ್ಟ ಅನುಮತಿಯಲ್ಲ. ದೇಹವೂ ಕೆಡುವುದೇ. ಹಾಗೆಂದು ಯಾವ ಶರಣರೂ ದೇಹದಿಂದ ಮಾಡುವ ಕಾಯಕದಲ್ಲಿ ಮೋಸವನ್ನು ಸಹಿಸಲಿಲ್ಲ. ಅಷ್ಟೇ ಅಲ್ಲ, ದೇವಭಾಷೆಯಲ್ಲಿ ಕೆಲವರ ಸ್ವತ್ತಾಗಿ ಬಿಗಿದುಕೊಂಡಿದ್ದ ತತ್ತ್ವದ ಸಂಧಿಗಳನ್ನು ಜನರ ಮಾತಿನಲ್ಲಿ ಬಿಡಿಸಿ ಇಟ್ಟವರು ಅವರು. ಮಯಸಭೆಯಲ್ಲಿ ಬಲ್ಲವರು ಅಂಚಿನಲ್ಲಿ ನಿಂತು ನಕ್ಕರು. ಅನುಭವಮಂಟಪದಲ್ಲಿ ಬಲ್ಲವರು ಬಂದವರ ಕೈಹಿಡಿದರು. ಸಂಸ್ಕೃತವನ್ನು ಕಲಿತು ಅದರಿಂದಲೇ ಅನ್ನವನ್ನುಣ್ಣುತ್ತಿರುವ ನನ್ನಂಥವನು ಈ ವ್ಯತ್ಯಾಸವನ್ನು ನೆನೆಯುವಾಗ ಸ್ವಲ್ಪ ತಲೆ ತಗ್ಗಿಸಬೇಕಾಗುತ್ತದೆ. ಸಮಾಸವನ್ನು ಬಿಡಿಸಲಾರದೆ ತಡವರಿಸಿದ ಹುಡುಗನನ್ನು ನೋಡಿ ತರಗತಿಯ ಮುಂದೆ ನಾನು ನಕ್ಕದ್ದುಂಟು.

ತಲೆ ತಗ್ಗಿಸಬೇಕಾದ ಇನ್ನೊಂದು ಕಾರಣವನ್ನೂ ಹೇಳಿಬಿಡುತ್ತೇನೆ. ಸುಮಾರು ಮೂವತ್ತು ವರ್ಷಗಳ ಹಿಂದೆ ಷಟ್ಪದಿಯಲ್ಲಿದ್ದ ಒಂದು ಹಳೆಯ ಕಾವ್ಯದ ತಾಳೆಗರಿಯ ಕಟ್ಟನ್ನು ಪ್ರತಿಮಾಡುವ ಕೆಲಸವು ನನ್ನ ಪಾಲಿಗೆ ಬಂದಿದ್ದಿತು. ಕಾವ್ಯದ ಹೆಸರು ಇಲ್ಲಿ ಬೇಡ. ಗರಿಗಳನ್ನು ಹುಳು ತಿಂದಿದ್ದುವು. ಎಲ್ಲೆಲ್ಲಿ ಅಕ್ಷರಗಳು ಹೋಗಿದ್ದುವೋ ಅಲ್ಲಿ ಚುಕ್ಕೆಗಳನ್ನಿಡಬೇಕಾಗಿದ್ದಿತು. ನನಗಾಗ ಪ್ರಾಯ, ಛಂದಸ್ಸಿನಲ್ಲಿ ಕೈ ಪಳಗಿದೆಯೆಂಬ ಗರ್ವ. ಪ್ರಾಸವೂ ಮಾತ್ರೆಯೂ ಕೆಡದಂತೆ ನನ್ನ ಮಾತುಗಳನ್ನೇ ಒಂಬತ್ತೋ ಹತ್ತೋ ಕಡೆಗಳಲ್ಲಿ ಸೇರಿಸಿದೆನು. ಯಾವ ಗುರುತನ್ನೂ ಇಡಲಿಲ್ಲ. ಸಂದು ಎಲ್ಲಿಯೂ ಕಾಣುತ್ತಿರಲಿಲ್ಲ. ನೋಡಿದ ಹಿರಿಯರು ಪ್ರತಿಯು ಅಚ್ಚುಕಟ್ಟಾಗಿದೆಯೆಂದು ಮೆಚ್ಚಿಕೊಂಡರು. ಹಲವು ವರ್ಷಗಳಾದ ಮೇಲೆ ಆ ಪ್ರತಿಯಿಂದ ಓದಿಕೊಂಡಿದ್ದ ಶಿಷ್ಯನೊಬ್ಬನು ಒಂದು ಪದ್ಯವನ್ನು ನನ್ನೆದುರಿಗೇ ರಾಗವಾಗಿ ಹಾಡಿ, “ಹಳಗಾಲದ ಕವಿಗಳ ಹದ ಈಗಿನವರಿಗೆ ಎಲ್ಲಿ ಬರಬೇಕು, ಗುರುಗಳೇ” ಎಂದನು. ಅವನು ಒತ್ತಿ ಹಾಡಿದ ಅರ್ಧ ಸಾಲು ನನ್ನದು. ನಾಚಿಕೆಯಾಯಿತೆಂದು ಬರೆದರೆ ಮತ್ತೊಂದು ಸುಳ್ಳನ್ನು ಸೇರಿಸಿದಂತಾಗುತ್ತದೆ. ಮೊದಲು ಆದದ್ದು ಸಂತೋಷ. ನಾಚಿಕೆಯು ಆಮೇಲೆ ಬಂದಿತು. ಆಗಲೂ ನಾನು ಅವನಿಗೆ ಏನನ್ನೂ ಹೇಳಲಿಲ್ಲ.

ಮಯನ ಪ್ರಶ್ನೆಯನ್ನು ಕೇಳಿದ ಹುಡುಗನಿಗೆ ಮರುದಿನ ಸರಿಯಾದ ಉತ್ತರವನ್ನು ಹೇಳಿ ಮನೆಗೆ ಬಂದು, ಆ ಪ್ರತಿಯನ್ನು ಹೊರಗೆ ತೆಗೆದೆನು. ನಾನು ಸೇರಿಸಿದ ಮಾತುಗಳ ಎರಡು ಕಡೆಗೂ ಕೆಂಪು ಶಾಯಿಯಿಂದ ಕಂಸಗಳನ್ನು ಹಾಕುತ್ತ ಬಂದೆನು. ಶಿಷ್ಯನಿಗೂ ಒಂದು ಕಾಗದ ಬರೆದೆನು. ಎಂಟು ಕಡೆಗಳು ಸುಲಭವಾಗಿ ಸಿಕ್ಕಿದುವು. ಒಂಬತ್ತನೆಯದು ಸ್ವಲ್ಪ ಹುಡುಕಿದ ಮೇಲ ಸಿಕ್ಕಿತು. ಇನ್ನೊಂದು ಪದ್ಯದ ಮೂರನೆಯ ಸಾಲಿನಲ್ಲಿ ಒಂದು ಮಾತಿದೆ. ಅದು ಕವಿಯದೋ ನನ್ನದೋ ಎಂಬುದು ಎಷ್ಟು ಸಾರಿ ಓದಿದರೂ ತಿಳಿಯುತ್ತಿಲ್ಲ. ಮೂಲದ ಗರಿಯು ಪುಡಿಯಾಗಿ ಹೋಗಿದೆ. ಅಲ್ಲಿ ಒಂದು ಕಂಸವನ್ನು ಮಾತ್ರ ತೆರೆದು, ಮುಚ್ಚದೆ ಬಿಟ್ಟಿದ್ದೇನೆ.